ರೊಮೇನಿಯಾದ ಮೂಕಿ ಕಾಲದ ನಟರಲ್ಲಿ ಟಾಕಿ ಬಂದ ಮೇಲೂ ಬೆಳೆದವರು ಯಾರಾದರೂ ಇದ್ದಾರಾ?

ಇದ್ದಾರೆ. ನನಗೆ ಮೊದಲು ನೆನಪಾಗುವವರು ಎಲ್ವಿರಾ ಪೊಪೆಸ್ಕು. ಆದರೆ ಅವರು ಬೆಳೆದದ್ದು ರೊಮೇನಿಯಾದಲ್ಲಲ್ಲ, ಪ್ಯಾರಿಸ್‌ನಲ್ಲಿ. ಅಲ್ಲಿನ ಜನ ಅವರನ್ನು ಎಲ್ವೀರ್ ಪೊಪೆಸ್ಕೋ ಎಂದು ಕರೆದರು.

ನಾನು ಅವರನ್ನು ಮೊದಲು ನೋಡಿದ್ದು 1960ರ ಫ್ರೆಂಚ್ ಚಿತ್ರ 'ಪ್ಲೆಂ ಸೊಲೇಯ್'ನಲ್ಲಿ. ರೆನೆ ಕ್ಲೆಮಾನ್ ನಿರ್ದೇಶನ, ಅಲೆನ್ ದೆಲಾನ್ ನಾಯಕ. ಎಲ್ಲರ ಕಣ್ಣೂ ದೆಲಾನ್ ಮೇಲೇ ಇರುತ್ತದೆ. ನನ್ನ ಕಿವಿಗೆ ಬಿದ್ದದ್ದು ಮಾತ್ರ ಮೇಡಂ ಪೊಪೋವಾ ಎಂಬ ಸಣ್ಣ ಪಾತ್ರ ಮಾಡಿದವರ ದನಿ. ಫ್ರೆಂಚರು 'ರ' ಅಕ್ಷರವನ್ನು ಗಂಟಲಲ್ಲಿ ನುಂಗುತ್ತಾರೆ. ಇವರು ಅದನ್ನು ನಾಲಿಗೆಯ ಮೇಲೆ ಉರುಳಿಸುತ್ತಿದ್ದರು. ಯಾರಿವರು ಅಂತ ಹುಡುಕಲು ಶುರು ಮಾಡಿದೆ.

ಹುಟ್ಟಿದ್ದು 1894ರಲ್ಲಿ, ಬುಕಾರೆಸ್ಟ್‌ನಲ್ಲಿ. ಅಲ್ಲಿನ ನಾಟಕ ಶಾಲೆಯಲ್ಲಿ ಕಾನ್‌ಸ್ಟಂಟಿನ್ ನೊಟ್ಟಾರಾ ಅವರ ಬಳಿ ಕಲಿತರು. 16ನೇ ವಯಸ್ಸಿಗೇ ನ್ಯಾಷನಲ್ ಥಿಯೇಟರ್‌ನ ರಂಗದ ಮೇಲೆ ನಿಂತರು. ಆ ಕಾಲದಲ್ಲಿ ರೊಮೇನಿಯಾದ ಸಿನಿಮಾ ಅಂದರೆ ಹೆಚ್ಚುಕಮ್ಮಿ ಈ ಥಿಯೇಟರ್‌ನ ಜನರೇ. 1912ರಲ್ಲಿ ಆ ದೇಶದ ಮೊದಲ ದೊಡ್ಡ ಕಥಾಚಿತ್ರ 'ಇಂಡಿಪೆಂಡೆಂತ್ಸಾ ರೊಮಿನಿಯೆಯ್' ಬಂತು. 1877ರ ಸ್ವಾತಂತ್ರ್ಯ ಯುದ್ಧದ ಕಥೆ. ಅದರಲ್ಲಿ ತುರ್ಕಿ ಸೇನಾನಿ ಒಸ್ಮಾನ್ ಪಾಷಾ ಆಗಿದ್ದವರು ಇದೇ ನೊಟ್ಟಾರಾ ಮೇಷ್ಟ್ರು. ಹಾಗಾಗಿ ನಾಟಕದಿಂದ ಕ್ಯಾಮೆರಾ ಮುಂದೆ ಹೋಗುವುದು ಎಲ್ವಿರಾಗೆ ಹೊಸ ದಾರಿಯೇನೂ ಆಗಿರಲಿಲ್ಲ. 1923ರಲ್ಲಿ 'ತ್ಸಿಗಂಕುಶಾ ದೆ ಲಾ ಯಾಟಾಕ್' ಎಂಬ ಮೂಕಿ ಚಿತ್ರದಲ್ಲಿ ನಟಿಸಿದರು. ಅಷ್ಟು ಹೊತ್ತಿಗೆ ಬುಕಾರೆಸ್ಟ್‌ನಲ್ಲಿ ತಮ್ಮದೇ ನಾಟಕ ತಂಡವನ್ನೂ ನಡೆಸುತ್ತಿದ್ದರು.

ಅದೇ ವರ್ಷ ಫ್ರೆಂಚ್ ನಾಟಕಕಾರ ಲೂಯಿ ವೆರ್ನೋಯ್ ಮಾತು ಕೇಳಿ ಪ್ಯಾರಿಸ್‌ಗೆ ಹೊರಟರು. ಯೋಚಿಸಿ ನೋಡಿ, ಸುಮಾರು 29 ವರ್ಷ. ಊರಲ್ಲಿ ಹೆಸರಿದೆ, ಕೆಲಸ ಇದೆ. ಅದನ್ನೆಲ್ಲ ಬಿಟ್ಟು ಬೇರೆ ಭಾಷೆಯಲ್ಲಿ ಮೊದಲಿನಿಂದ ಶುರು ಮಾಡಬೇಕು. ವೆರ್ನೋಯ್ ಎಲ್ವಿರಾಗಾಗಿ 'ವಾರ್ಸಾದಿಂದ ಬಂದ ನನ್ನ ಕಸಿನ್' ಅನ್ನುವ ಅರ್ಥದ ಹೆಸರಿನ ನಾಟಕ ಕೊಟ್ಟರು. ಪಾತ್ರ ಪೋಲೆಂಡ್ ಕಡೆಯದು. ಉಚ್ಚಾರಣೆ ಬೇರೆ ಥರ ಇದ್ದರೆ ತಪ್ಪೇನು, ಪಾತ್ರವೇ ಹೊರಗಿನದು ಅಲ್ವಾ! ನಾಟಕ ಗೆದ್ದಿತು.

ಅವರ ವೃತ್ತಿಯಲ್ಲಿ ನನಗೆ ತುಂಬಾ ಇಷ್ಟವಾಗುವ ಭಾಗ ಇದೇ. ಟಾಕಿ ಬಂದಾಗ ಪರದೇಶದ ಉಚ್ಚಾರಣೆ ಇದ್ದ ಎಷ್ಟೋ ಮೂಕಿ ನಟರು ಕೆಲಸ ಕಳೆದುಕೊಂಡರು. ಪೊಪೆಸ್ಕೋಗೆ ಆದದ್ದು ಉಲ್ಟಾ. ಬುಕಾರೆಸ್ಟ್‌ನ ತೆರೆಯ ಮೇಲೆ ಅವರಿಗೆ ದನಿಯೇ ಇರಲಿಲ್ಲ. ಪ್ಯಾರಿಸ್‌ನ ಟಾಕಿಗೆ ಆ ದನಿಯೇ ಬೇಕಾಯಿತು. 1931ರಲ್ಲಿ ವಾರ್ಸಾ ನಾಟಕ ಸಿನಿಮಾ ಆಯಿತು, ಅವರೇ ನಾಯಕಿ. ಆಮೇಲೆ 1938ರಲ್ಲಿ ಹಾಸ್ಯನಟ ಫೆರ್ನಾಂದೆಲ್ ಜೊತೆ 'ತ್ರಿಕೋಶ್ ಎ ಕಕೋಲೆ', ಮರುವರ್ಷ ನಿರ್ದೇಶಕ ಸಾಶಾ ಗಿತ್ರಿಯ ಚಿತ್ರ.

ಪಾತ್ರಗಳನ್ನು ಗಮನಿಸಿ. 1933ರ 'ತೊವಾರಿಚ್' ನಾಟಕದಲ್ಲಿ ಪ್ಯಾರಿಸ್‌ನ ಮನೆಯೊಂದರಲ್ಲಿ ಕೆಲಸಕ್ಕೆ ಸೇರುವ ರಷ್ಯನ್ ರಾಜಮನೆತನದ ಹೆಂಗಸು. 'ಲಾ ಮಮ್ಮಾ' ನಾಟಕದಲ್ಲಿ ಇಟಲಿಯ ತಾಯಿ. 1960ರಲ್ಲಿ ಆಬೆಲ್ ಗಾನ್ಸ್ ಅವರ 'ಓಸ್ಟರ್ಲಿಟ್ಸ್'ನಲ್ಲಿ ನೆಪೋಲಿಯನ್‌ನ ತಾಯಿ, ಕೊರ್ಸಿಕಾದವಳು. ರೊಮೇನಿಯಾ ಬಿಟ್ಟು ಬೇರೆಲ್ಲ ಕಡೆಯವರೂ ಆದರು! ಇದು ನೆನೆದರೆ ನನಗೆ ಸ್ವಲ್ಪ ಬೇಜಾರೂ ಆಗುತ್ತದೆ. ಅವರ ತವರಿನ ಭಾಷೆಯ ಲಯವನ್ನು ಫ್ರಾನ್ಸ್ ಅಷ್ಟು ಪ್ರೀತಿಯಿಂದ ಕೇಳಿತು, ಆದರೆ ಬೇರೆ ದೇಶಗಳ ಹೆಸರಲ್ಲಿ.

ಸಿನಿಮಾ ಮಾಡಿದರೂ ಅವರ ಜೀವ ನಾಟಕದಲ್ಲೇ ಇತ್ತು. 1956ರಿಂದ ಸುಮಾರು ಹತ್ತು ವರ್ಷ ಥಿಯಾತ್ರ ದ ಪಾರಿ, ಆಮೇಲೆ 1978ರವರೆಗೆ ಮಾರಿನ್ಯಿ ಥಿಯೇಟರ್ ನಡೆಸಿದರು. 80 ದಾಟಿದ ಮೇಲೂ 'ಲಾ ಮಮ್ಮಾ'ದಲ್ಲಿ ಮತ್ತೆ ರಂಗಕ್ಕೆ ಬಂದರು. 1987ರಲ್ಲಿ ಫ್ರಾನ್ಸ್‌ನ ರಂಗಭೂಮಿಯ ದೊಡ್ಡ ಪ್ರಶಸ್ತಿಯಾದ ಮೊಲಿಯೇರ್ ಗೌರವವಾಗಿ ಸಿಕ್ಕಿತು. 1993ರ ಡಿಸೆಂಬರ್‌ನಲ್ಲಿ, 99ನೇ ವಯಸ್ಸಿನಲ್ಲಿ, ಪ್ಯಾರಿಸ್‌ನಲ್ಲೇ ತೀರಿಕೊಂಡರು.

ನೀವು ನೋಡಲು ಶುರು ಮಾಡುವುದಾದರೆ 'ಪ್ಲೆಂ ಸೊಲೇಯ್' ಸುಲಭವಾಗಿ ಸಿಗುತ್ತದೆ. ಮೇಡಂ ಪೊಪೋವಾ ಬಂದಾಗ ಸಬ್‌ಟೈಟಲ್ ಓದೋದು ಬಿಟ್ಟು ಸುಮ್ನೆ ದನಿ ಕೇಳಿ.