‘ಲಾ ಫೋಲಿಯಾ’ ಎಂದರೇನು? ಅದು ಶತಮಾನಗಳ ಕಾಲ ಉಳಿದದ್ದು ಹೇಗೆ?
ಲಾ ಫೋಲಿಯಾ ಎಂಬುದು 15ನೆಯ ಶತಮಾನದ ಕೊನೆಯ ವೇಳೆಗೆ ಪೋರ್ಚುಗಲ್‌ನ ಜನಪದ ನೃತ್ಯದಲ್ಲಿ ಮೂಡಿ, ಮುಂದೆ ಸ್ಪೇನ್, ಇಟಲಿಗಳಿಗೆ ಹರಡಿದ ಸ್ವರಮೇಳಗಳ (ಕಾರ್ಡ್, ಅಂದರೆ ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಸರಣಿ. 17ನೆಯ ಶತಮಾನದ ಉತ್ತರಾರ್ಧದಲ್ಲಿ ನೆಲೆಗೊಂಡ ಅದರ ರೂಪದಲ್ಲಿ ಡಿ ಮೈನರ್, ಎ, ಡಿ ಮೈನರ್, ಸಿ, ಎಫ್, ಸಿ, ಡಿ ಮೈನರ್, ಎ ಎಂಬ ಕಾರ್ಡ್‌ಗಳಿರುವ ಎಂಟು ಬಾರ್‌ಗಳ (ತಾಳದ ಸಮಾನ ಘಟಕಗಳ) ಸಾಲೊಂದು ಪ್ರಶ್ನೆಯಂತೆ ಅಪೂರ್ಣವಾಗಿ ನಿಲ್ಲುತ್ತದೆ. ಅದೇ ಸಾಲು ಮರುಕಳಿಸಿದಾಗ ಕೊನೆಯಲ್ಲಿ ಡಿ ಮೈನರ್‌ಗೆ ಮರಳಿ, ಒಟ್ಟು 16 ಬಾರ್‌ಗಳಲ್ಲಿ ಪೂರ್ಣಗೊಳ್ಳುತ್ತದೆ.

ಇದರ ದೀರ್ಘಾಯುಷ್ಯಕ್ಕೆ ಮುಖ್ಯ ಕಾರಣ, ನನ್ನ ದೃಷ್ಟಿಯಲ್ಲಿ, ವಿಷಾದದ ಛಾಯೆಯ ಮೈನರ್‌ನಿಂದ ಹೊರಟು ನಡುವೆ ಎಫ್ ಮೇಜರ್‌ನ ಬೆಳಕಿಗೆ ಬಂದು ಹಿಂದಿರುಗುವ ಈ ಚಲನೆಯೇ. ಕೆಳಸ್ಥಾಯಿಯ ಆಧಾರ ಬದಲಾಗದಿರುವುದರಿಂದ ಮೇಲಿನ ಸ್ವರಗಳನ್ನು ವಾದಕರು ಮನಸ್ಸಿಗೆ ಬಂದಂತೆ ವಿಸ್ತರಿಸಬಹುದಾಗಿತ್ತು. ಇಟಲಿಯ ಸಂಗೀತ ರಚನಕಾರರಾದ ಕೊರೆಲ್ಲಿ 1700ರಲ್ಲಿ ಪ್ರಕಟಿಸಿದ ವಯೊಲಿನ್ ಸೊನಾಟಾ (ವಾದ್ಯಗಳಿಗಾಗಿ ಬರೆದ ಕೃತಿ) ಮತ್ತು ವಿವಾಲ್ಡಿಯ ಟ್ರಿಯೊ ಸೊನಾಟಾ ಇದೇ ಸರಣಿಯ ಮೇಲೆ ನಿಂತಿವೆ. ರಷ್ಯಾ ಮೂಲದ ರಚನಕಾರ ರಾಖ್ಮನಿನಾಫ್ 1931ರಲ್ಲಿ ಪಿಯಾನೊಗಾಗಿ ಬರೆದ ಕೃತಿಗೆ ‘ಕೊರೆಲ್ಲಿಯ ವಸ್ತು’ವಿನ (ಮೂಲ ರಾಗದ) ಮೇಲಿನ ರೂಪಾಂತರಗಳೆಂದು ಹೆಸರಿದೆಯಾದರೂ, ಆ ವಸ್ತು ಕೊರೆಲ್ಲಿಯದ್ದಲ್ಲ, ಈ ಫೋಲಿಯಾವೇ. ಇದರ ಹತ್ತಿರದ ಬಂಧುಗಳಾದ ರೊಮನೆಸ್ಕಾ ಮತ್ತು ಪಾಸಮೆಟ್ಸೊ ಆಂಟಿಕೊ ಸರಣಿಗಳನ್ನು ‘ಗ್ರೀನ್‌ಸ್ಲೀವ್ಸ್’ ಎಂಬ ಇಂಗ್ಲಿಷ್ ಹಾಡಿನಲ್ಲಿ ಇಂದಿಗೂ ಕೇಳಬಹುದು.