ಉಬ್ಬರವಿಳಿತದ ದೇವತೆಗೆ ಘಟ್ಟದ ಮೇಲೆ ಗುಡಿ ಯಾಕೆ?

ನಮಸ್ಕಾರ. ನಿಮ್ಮ ಕಥೆಯಲ್ಲಿ ಉಬ್ಬರವಿಳಿತಕ್ಕೂ ಕಾಲಕ್ಕೂ ಒಬ್ಬಳೇ ದೇವತೆ. ಸಮುದ್ರವನ್ನೇ ನೋಡದ ಘಟ್ಟದ ಜನ ಅವಳನ್ನು ಯಾಕೆ ಪೂಜಿಸಬೇಕು ಅಂತ ಕೇಳಿದ್ದೀರಿ. ನಾನು ಸಾಗರದ ಕಡೆಯವನು, ಪ್ರಶ್ನೆ ತುಂಬಾ ಹಿಡಿಸಿತು.

ನಮ್ಮ ಶರಾವತಿಯನ್ನೇ ನೋಡಿ. ತೀರ್ಥಹಳ್ಳಿ ತಾಲ್ಲೂಕಿನ ಅಂಬುತೀರ್ಥದಲ್ಲಿ ಹುಟ್ಟಿ, ಜೋಗದಲ್ಲಿ 253 ಮೀಟರ್ ಧುಮುಕಿ, ಹೊನ್ನಾವರದಲ್ಲಿ ಕಡಲು ಸೇರುತ್ತಾಳೆ. ಅಲ್ಲಿ ಉಬ್ಬರ ಬಂದಾಗ ಉಪ್ಪುನೀರು ಅಳಿವೆಯಿಂದ ಹೊಳೆಯೊಳಗೆ ಏರುತ್ತದೆ. ಆದರೆ ಜೋಗ ಹತ್ತಲಾರದು, ಅಲ್ವಾ? ನಿಮ್ಮ ದೇವತೆಗೂ ಅಂಥದೊಂದು ಗಡಿ ಕೊಡಿ. ಅಬ್ಬಿಯ ಕೆಳಗೆ ಕಾಲ ಹಿಂದೆ ಮುಂದೆ ಆಡಲಿ, ಮೇಲೆ ಮುಂದಕ್ಕೆ ಮಾತ್ರ ಹರಿಯಲಿ. ಘಟ್ಟದವರು ಮಗು ಹುಟ್ಟಿದಾಗ ಬಾಳೆ ದೊನ್ನೆಯಲ್ಲಿ ಅಡಿಕೆ ಹಿಂಗಾರ ಇಟ್ಟು ಹೊಳೆಗೆ ಬಿಡಲಿ. ಕೆಳಗಿನ ಪೂಜಾರಿ ಉಬ್ಬರದ ಹೊತ್ತಿಗೆ ಅದನ್ನು ಎತ್ತಿಕೊಳ್ಳಲಿ.

ಪೂಜೆಗೆ ಸುಮ್ನೆ ಒಂದೇ ಹೊತ್ತು ಗೊತ್ತು ಮಾಡಬೇಡಿ. ಉಬ್ಬರ ದಿನಾ ಸುಮಾರು 50 ನಿಮಿಷ ತಡವಾಗುತ್ತಾ ಹೋಗುತ್ತದೆ. ಅಮಾವಾಸ್ಯೆ, ಹುಣ್ಣಿಮೆಯ ಆಸುಪಾಸು ಉಬ್ಬರದ ಎತ್ತರ ಜಾಸ್ತಿ, ಅಷ್ಟಮಿ ಹೊತ್ತಿಗೆ ಕಡಿಮೆ. ಜಾತ್ರೆ ಹುಣ್ಣಿಮೆಗೇ ಇರಲಿ. ನಿಮ್ಮ ಲೋಕಕ್ಕೆ ಎರಡು ಚಂದ್ರ ಇದ್ದರೆ ಈ ಲೆಕ್ಕವೆಲ್ಲ ಬದಲಾಗುತ್ತದೆ, ಅದನ್ನು ಮೊದಲೇ ತೀರ್ಮಾನ ಮಾಡಿಕೊಳ್ಳಿ.