ಅವರ ಫೋಟೋ, ನಮ್ಮ ಹೆಸರು

ಪ್ರಶ್ನೆ: ನಾನು ಹವ್ಯಾಸಿ ಫೋಟೋಗ್ರಾಫರ್. ಕಸ ಆಯುವ ಮಹಿಳೆಯರ ಬದುಕು ನಾಲ್ಕು ಜನಕ್ಕೆ ಗೊತ್ತಾಗಲಿ ಅಂತ ಎರಡು ವರ್ಷ ಅವರ ಜೊತೆ ಓಡಾಡಿ ಫೋಟೋ ತೆಗೆದೆ. ಪ್ರದರ್ಶನಕ್ಕೆ ಅವರನ್ನೂ ಕರೆದಿದ್ದೆ. ಒಬ್ಬರು ತಮ್ಮ ಫೋಟೋ ಮುಂದೆ ಸ್ವಲ್ಪ ಹೊತ್ತು ನಿಂತು, ‘ನಾನು ಇಷ್ಟೇನಾ?’ ಅಂದು ಹೊರಟೇಬಿಟ್ಟರು. ಎಲ್ಲರೂ ಹೊಗಳಿದ ಚಿತ್ರ ಅದು. ನಾನು ಮಾಡಿದ್ದು ತಪ್ಪಾ?
(ಹೆಸರು ಬೇಡ)

ಉತ್ತರ: ನೀವು ಅವರನ್ನು ಕರೆದಿರಲ್ಲ, ಅದೇ ದೊಡ್ಡದು. ನನ್ನ ಮೊದಲ ಪ್ರದರ್ಶನಕ್ಕೆ ನಾನು ಫೋಟೋದಲ್ಲಿದ್ದ ಯಾರನ್ನೂ ಕರೆದಿರಲಿಲ್ಲ. ಹಾಗಾಗಿ ಯಾರೂ ಏನೂ ಕೇಳಲಿಲ್ಲ. ನಾನೋ, ಅದನ್ನೇ ಒಪ್ಪಿಗೆ ಅಂದುಕೊಂಡು ಖುಷಿಯಾಗಿದ್ದೆ.

ಒಂದು ಹಳೇ ಫೋಟೋ ನೀವೂ ನೋಡಿರುತ್ತೀರಿ. ಎರಡು ಮಕ್ಕಳು ಮುಖ ತಿರುಗಿಸಿ ತಾಯಿಯ ಭುಜಕ್ಕೆ ಒರಗಿವೆ. ಆಕೆ ಕೆನ್ನೆಗೆ ಕೈ ಕೊಟ್ಟು ದೂರ ನೋಡುತ್ತಿದ್ದಾಳೆ. 1936ರಲ್ಲಿ ಅಮೆರಿಕದ ಫೋಟೋಗ್ರಾಫರ್ ಡೊರೊಥಿಯಾ ಲ್ಯಾಂಗ್ ಕ್ಯಾಲಿಫೋರ್ನಿಯಾದ ಕೂಲಿಗಳ ಶಿಬಿರದಲ್ಲಿ ತೆಗೆದದ್ದು. ಆ ಶಿಬಿರದ ಫೋಟೋಗಳು ಪತ್ರಿಕೆಯಲ್ಲಿ ಬಂದ ಮೇಲೆ ಸರ್ಕಾರ ಅಲ್ಲಿಗೆ 20,000 ಪೌಂಡ್ ಆಹಾರ ಕಳಿಸಿತು. ಅಷ್ಟರಲ್ಲಿ ಆ ತಾಯಿ ಕೆಲಸ ಹುಡುಕಿಕೊಂಡು ಬೇರೆ ಕಡೆ ಹೋಗಿಯಾಗಿತ್ತು. ಆಕೆಯ ಹೆಸರು ಫ್ಲಾರೆನ್ಸ್ ಓವೆನ್ಸ್ ಥಾಂಪ್ಸನ್ ಅಂತ ಜಗತ್ತಿಗೆ ಗೊತ್ತಾಗಿದ್ದು 1978ರಲ್ಲಿ. ಆಕೆ ಚೆರೋಕೀ ಮೂಲನಿವಾಸಿ ಅನ್ನುವುದೂ ಆ ಚಿತ್ರ ನೋಡಿದವರಿಗೆ ಗೊತ್ತಿರಲಿಲ್ಲ. ಆಕೆ ಹೇಳಿದ್ದು ಇಷ್ಟು: ಆ ಫೋಟೋ ತೆಗೆಯದೇ ಇದ್ದಿದ್ದರೆ ಚೆನ್ನಾಗಿತ್ತು. ಅವರು ನನ್ನ ಹೆಸರನ್ನೂ ಕೇಳಲಿಲ್ಲ. ಅದರಿಂದ ನನಗೆ ಒಂದು ಕಾಸೂ ಸಿಗಲಿಲ್ಲ.

ಲ್ಯಾಂಗ್ ಕೆಟ್ಟವರಲ್ಲ. ಫೋಟೋದಿಂದ ಹಸಿದವರಿಗೆ ಊಟ ಸಿಕ್ಕಿದ್ದೂ ಸುಳ್ಳಲ್ಲ. ಆದರೆ ಆ ತಾಯಿ ಹೇಳಿದ್ದೂ ಸುಳ್ಳಲ್ಲ ಅಲ್ವಾ? ನನ್ನ ಪ್ರಕಾರ ನಿಮ್ಮ ಉದ್ದೇಶದಲ್ಲಿ ತಪ್ಪಿಲ್ಲ. ಯಾವ ಚಿತ್ರ ಗೋಡೆಗೆ ಹೋಗಬೇಕು ಅಂತ ನೀವೊಬ್ಬರೇ ತೀರ್ಮಾನ ಮಾಡಿದಿರಿ ನೋಡಿ, ಎಡವಿದ್ದು ಅಲ್ಲಿ.

ಇದು ನನಗೆ ತಿಳಿದದ್ದು ತಡವಾಗಿ. ಒಮ್ಮೆ ಕಲ್ಲು ಒಡೆಯುವ ಒಬ್ಬ ಹೆಂಗಸಿನ ಮುಂದೆ ಹನ್ನೆರಡು ಪ್ರಿಂಟ್ ಹರಡಿ, ಯಾವುದು ಇಷ್ಟ ಅಂತ ಕೇಳಿದೆ. ಸುಮ್ನೆ ಕೇಳಿದ್ದು, ಮನಸ್ಸಲ್ಲಿ ನಾನಾಗಲೇ ಒಂದನ್ನು ಆರಿಸಿಕೊಂಡಿದ್ದೆ. ಬಿರುಕುಬಿಟ್ಟ ಕೈ, ಸುತ್ತಿಗೆ, ಧೂಳು. ಆಕೆ ತೋರಿಸಿದ್ದು ನಾನು ಪಕ್ಕಕ್ಕೆ ಎತ್ತಿಟ್ಟಿದ್ದನ್ನು. ಅದರಲ್ಲಿ ತೊಡೆಯ ಮೇಲೆ ನೋಟ್‌ಬುಕ್ ಇಟ್ಟುಕೊಂಡು ಬರೆಯುತ್ತಿದ್ದಾಳೆ. ಇಡೀ ಗುಂಪಿನ ಕೂಲಿ ಲೆಕ್ಕ ಬರೆಯುವವಳು ಆಕೆಯೇ. ಲೆಕ್ಕ ತಪ್ಪಿದರೆ ಮೇಸ್ತ್ರಿಯನ್ನೇ ನಿಲ್ಲಿಸಿ ಕೇಳುತ್ತಿದ್ದಳು. ನೋಟ್‌ಬುಕ್ ಇದ್ದರೆ ‘ಬಡತನ’ ಕಾಣುವುದಿಲ್ಲ ಅಂತ ನಾನು ಆ ಚಿತ್ರ ಬಿಟ್ಟಿದ್ದೆ. ಈಗ ನೆನೆದರೂ ನಾಚಿಕೆ.

ಹಾಗಾಗಿ ಪ್ರಿಂಟ್‌ಗಳನ್ನು ತೆಗೆದುಕೊಂಡು ಅವರ ಹತ್ತಿರ ಹೋಗಿ. ‘ಇದು ಬೇಡ’ ಅಂದರೆ ಇಳಿಸಿ, ವಾದ ಮಾಡಬೇಡಿ. ಹೆಸರು ಹಾಕಲೇ ಅಂತ ಒಬ್ಬೊಬ್ಬರನ್ನೇ ಕೇಳಿ. ಕೆಲವರಿಗೆ ಹೆಸರು ಬೇಕು, ಕೆಲವರಿಗೆ ಹೆಸರು ಬಂದರೆ ತೊಂದರೆ. ಚಿತ್ರ ಮಾರಾಟವಾದರೆ ಅವರ ಪಾಲೆಷ್ಟು ಅನ್ನುವುದು ಮೊದಲೇ ಮಾತಾಗಲಿ.

ಇನ್ನೂ ಮುಂದೆ ಹೋಗಬೇಕು ಅನಿಸಿದರೆ ಕ್ಯಾಮೆರಾ ಅವರ ಕೈಗೇ ಕೊಡಿ. 1990ರ ದಶಕದ ಮೊದಲಲ್ಲಿ ಚೀನಾದ ಯುನ್ನಾನ್‌ನಲ್ಲಿ ಕ್ಯಾರೊಲಿನ್ ವಾಂಗ್ ಮತ್ತು ಮೇರಿ ಆನ್ ಬರಿಸ್ ಹಳ್ಳಿಯ ಹೆಂಗಸರಿಗೆ ಕ್ಯಾಮೆರಾ ಕೊಟ್ಟರು. ಈ ಪದ್ಧತಿಗೆ ಫೋಟೋವಾಯ್ಸ್ ಅಂತ ಹೆಸರು ಬಂತು. ಇದರಲ್ಲಿ ತೆಗೆದವರೇ ಚಿತ್ರ ಆರಿಸುತ್ತಾರೆ, ಅದರ ಕತೆಯನ್ನೂ ಅವರೇ ಹೇಳುತ್ತಾರೆ. ಕ್ಯಾಮೆರಾ ಕೊಟ್ಟು, ಆಮೇಲೆ ಆರಿಸುವುದು ನೀವೇ ಆದರೆ ಮತ್ತೆ ಹಳೇ ಕತೆಯೇ.

ಪ್ರಶ್ನೆ: ನನಗೆ ಚಿಕ್ಕಂದಿನಿಂದ ಕಿವಿ ಕೇಳಿಸುವುದಿಲ್ಲ. ಕತೆ ಬರೆಯುತ್ತೇನೆ. ಸಂಪಾದಕರು ಪ್ರತಿ ಸಲ ‘ನಿಮ್ಮ ಕಷ್ಟದ ಬಗ್ಗೆ ಬರೆಯಿರಿ’ ಅನ್ನುತ್ತಾರೆ. ನನಗೆ ಪತ್ತೇದಾರಿ ಕತೆ ಬರೆಯುವಾಸೆ. ಬರೆದರೆ ನನ್ನವರಿಗೆ ಮೋಸ ಮಾಡಿದ ಹಾಗಾ?
(ಒಬ್ಬ ಓದುಗಿ)

ಉತ್ತರ: ಇಲ್ಲಮ್ಮ, ಖಂಡಿತ ಇಲ್ಲ. ಅಮೆರಿಕದ ಕಪ್ಪು ಜನಾಂಗದ ಫ್ರೆಡರಿಕ್ ಡಗ್ಲಸ್ 1838ರಲ್ಲಿ ಗುಲಾಮಗಿರಿಯಿಂದ ತಪ್ಪಿಸಿಕೊಂಡು ಬಂದು, ಆಮೇಲೆ ಅದರ ವಿರುದ್ಧ ಭಾಷಣ ಮಾಡತೊಡಗಿದರು. ಅವರ ಪರವಾಗಿದ್ದ ಬಿಳಿಯ ಗೆಳೆಯರೇ, ‘ನೀವು ನಡೆದದ್ದನ್ನು ಹೇಳಿ ಸಾಕು, ವಿಚಾರ ನಾವು ನೋಡಿಕೊಳ್ಳುತ್ತೇವೆ’ ಅಂದರಂತೆ. ಅದೇ ಕತೆ ತಿಂಗಳುಗಟ್ಟಲೆ ಹೇಳಿ ಹೇಳಿ ಅವರಿಗೆ ಬೇಸರ ಬಂತು. 1847ರಲ್ಲಿ ಸ್ವಂತ ಪತ್ರಿಕೆ ಶುರು ಮಾಡಿದರು. ನಿಮ್ಮ ಸಂಪಾದಕರೂ ಒಳ್ಳೆಯ ಮನಸ್ಸಿಂದಲೇ ಕೇಳುತ್ತಿರಬಹುದು. ಆದರೆ ಬೇರೆಯವರಿಗೆ ಕಲ್ಪನೆ, ನಿಮಗೆ ಬರೀ ಕಷ್ಟ ಅಂತ ಹಂಚಿಕೊಟ್ಟವರು ಯಾರು?

‘ಕತ್ತಲಲ್ಲಿ ಹೆಜ್ಜೆ ಸಪ್ಪಳ ಕೇಳಿಸಿತು’ ಅಂತ ಶುರುವಾಗುವ ಪತ್ತೇದಾರಿ ಕತೆ ನಾನು ಲೆಕ್ಕವಿಲ್ಲದಷ್ಟು ಓದಿದ್ದೇನೆ. ನಿಮ್ಮ ಪತ್ತೇದಾರಿಣಿಗೆ ಸಪ್ಪಳ ಕೇಳದೆ, ಮರದ ನೆಲ ಅದುರಿದ್ದು ಪಾದಕ್ಕೆ ತಿಳಿದರೆ? ಅದೂ ಬೇಡ, ಆಕೆಗೆ ಕಿವಿ ಚೆನ್ನಾಗಿಯೇ ಕೇಳಿಸಲಿ ಅಂದರೆ ಹಾಗೇ ಬರೆಯಿರಿ. ಕೊಲೆ ಮಾಡಿದವರು ಯಾರು ಅಂತ ಮಾತ್ರ ಎರಡನೇ ಪುಟದಲ್ಲೇ ನನಗೆ ಗೊತ್ತಾಗಬಾರದು.